ಸೆತ್‌ಗೆ ಇನ್ನೊಂದು ಗ್ಲಾಸು

ಮೂರನೆಯ ಪಬ್ಬಿನಲ್ಲೂ ಎಡಿತ್ ಬೇರೆ ಯಾರನ್ನೂ ಒಳಗೆ ಬಿಡಲಿಲ್ಲ. ತಾನೇ ಹೋಗಿ, ನೊರೆಯಿಲ್ಲದ ಕಂದುಬಣ್ಣದ ತುಂಬಿದ ಗ್ಲಾಸು ತಂದು ಡ್ರೈವರ್ ಸೆತ್‌ನ ಕೈಗಿಟ್ಟಳು.

"ಕುಡಿಯಪ್ಪಾ. ಗಂಟಲು ಒಣಗಿರುತ್ತೆ."

ಸೆತ್ ಅವಳ ಮುಖ ನೋಡದೆ ಗಟಗಟನೆ ಮುಗಿಸಿದ.

ತೆರೆದ ಬಸ್ಸಿನಲ್ಲಿ ಗಿರಣಿಯವರೆಲ್ಲ ಮುಖ ಮುಖ ನೋಡಿಕೊಂಡರು. ಇಂಗ್ಲೆಂಡಿನ ಲ್ಯಾಂಕಾಷೈರಿನ ಬಟ್ಟೆಗಿರಣಿ ರಜೆಯ ಪ್ರವಾಸದಲ್ಲಿ ಪಬ್ಬಿಗೊಂದು ಗ್ಲಾಸು ಬಿಯರ್ ಡ್ರೈವರಿಗೆ ಕೊಡಿಸುವುದು ಪ್ರಯಾಣಿಕರ ಪದ್ಧತಿ. ಹೋದ ವರ್ಷವೂ ಇದೇ ಬಸ್ಸು, ಇದೇ ಸೆತ್. ಮುಂದಿನ ಗುಡ್ಡದ ಇಳಿಜಾರಿನಲ್ಲಿ ಬಸ್ಸು ಮಗುಚಿ ಎಡಿತ್‌ಳ ಗಂಡ ವಾಲ್ಟರ್ ಸತ್ತಿದ್ದ. ವಿಚಾರಣೆಯಲ್ಲಿ ಇವರೆಲ್ಲ ಬೈಬಲ್ ಮುಟ್ಟಿ ಹೇಳಿದ್ದೇನು? ಸೆತ್ ಒಂದು ಹನಿಯೂ ಕುಡಿದಿರಲಿಲ್ಲವಂತೆ, ಕುಡಿದಿದ್ದ ವಾಲ್ಟರನೇ ಎದ್ದು ಸ್ಟಿಯರಿಂಗ್ ಎಳೆದನಂತೆ! ಬಿಯರನ್ನು ಮೂಸಿಯೂ ನೋಡದವನು ವಾಲ್ಟರ್. ಎಂಥ ನಾಲಿಗೆಯೋ ಅವು! ಗಂಡನ ಹೆಸರಿಗೆ ಬಳಿದ ಆ ಮಸಿಗೆ ಸೇಡು ತೀರಿಸದೆ ಬಿಡುವುದಿಲ್ಲವೆಂದು ಎಡಿತ್ ವರ್ಷವಿಡೀ ಹಲ್ಲು ಕಚ್ಚಿಕೊಂಡಿದ್ದಳು.

"ಕ್ಷಮಿಸಿಬಿಟ್ಟಿದಾಳೆ ಕಣ್ರೀ," ಎಂದಳು ನೂಲು ತೆಗೆಯುವ ಬೆಸ್ಸಿ.

"ಕ್ಷಮೇನಾ? ಅವಳ ಕಣ್ಣು ನೋಡು. ನಮ್ಮನ್ನೆಲ್ಲ ವಾಲ್ಟರ್ ಹತ್ರಾನೇ ಕಳಿಸ್ತಾಳೆ," ಎಂದ ಮೇಸ್ತ್ರಿ ಹರ್ಬರ್ಟ್.

ಬಸ್ಸು ಹೊರಟಿತು. ಸೆತ್ ಗಂಟಲು ಹರಿಯುವಂತೆ ಹಾಡತೊಡಗಿದ. ಚಕ್ರ ಕಲ್ಲುಗೋಡೆಗೆ ಉಜ್ಜಿತು, ಕುರಿಗಳು ದಿಕ್ಕಾಪಾಲಾದವು. ಗುಡ್ಡದ ನೆತ್ತಿಯ ಹಳ್ಳಿಯಲ್ಲಿ, ಪೊಲೀಸ್ ಠಾಣೆಯ ಎದುರು ಬಸ್ಸು ಗಕ್ಕನೆ ನಿಂತಿತು. ಮುಂದೆ ಆ ಇಳಿಜಾರು.

"ಇನ್ನೊಂದು ಗ್ಲಾಸು ತರಲಾ, ಸೆತ್?" ಎಂದಳು ಎಡಿತ್.

ಅಷ್ಟೇ ಸಾಕಾಯಿತು. ಹರ್ಬರ್ಟ್ ಬಾಗಿಲು ತೆಗೆಯುವಷ್ಟೂ ಕಾಯದೆ ಪಕ್ಕಕ್ಕೆ ಹಾರಿದ. ಎಲ್ಲರೂ ಬಿದ್ದಂಬೀಳ ಓಡಿ, ಹೊರಗೆ ಬಂದ ಪೇದೆಯನ್ನು ಮುತ್ತಿದರು.

"ಹಿಡೀರಿ ಸ್ವಾಮಿ ಅವನನ್ನ! ಕುಡಿದು ಚಿತ್ತಾಗಿದಾನೆ! ಹೋದ ವರ್ಷಾನೂ ಹಿಂಗೇ!"

"ಹೋದ ವರ್ಷ ಮುಟ್ಟೇ ಇಲ್ಲ ಅಂದ್ರಲ್ಲ?" ಎಂದ ಪೇದೆ.

"ಸುಳ್ಳು! ನಾವೇ ಕುಡಿಸಿದ್ವಿ! ನಮ್ಮ ಮೈಮೇಲೆ ಬರುತ್ತೆ ಅಂತ ಸುಳ್ಳು ಹೇಳಿದ್ವಿ!" ಬೆಸ್ಸಿ ಅತ್ತೇಬಿಟ್ಟಳು. "ಪಾಪ, ವಾಲ್ಟರ್ ಸ್ಟಿಯರಿಂಗ್ ಹಿಡಿದಿದ್ದು ನಮ್ಮನ್ನ ಉಳಿಸೋಕೆ!"

ಎಡಿತ್‌ಳ ಎದೆ ತಣ್ಣಗಾಯಿತು. ಆಗ, ಒಂದು ವರ್ಷದ ಮೇಲೆ, ಅವಳಿಗೂ ಅಳು ಬಂತು.

ಸೆತ್ ಇಳಿದ. ಒಂದು ಹೆಜ್ಜೆಯೂ ತಪ್ಪದೆ ನೆಟ್ಟಗೆ ನಡೆದು ಬಂದು ಪೇದೆಯ ಮುಂದೆ ಎರಡೂ ಕೈ ಚಾಚಿದ.

"ಬೆಳಗಿಂದ ಈ ತಾಯಿ ಕುಡಿಸಿದ್ದು ಬರೀ ಆರಿದ ಟೀ, ಸ್ವಾಮಿ. ಹೋದ ವರ್ಷ ಇದೇ ಬಾಗಿಲಿಗೆ ಬಂದು ನಂದೇ ತಪ್ಪು ಅಂದೆ, ನೀವು ಇವರ ಮಾತು ನಂಬಿ ನನ್ನ ವಾಪಸ್ ಕಳಿಸಿದ್ರಿ. ಈಗಲಾದ್ರೂ ಒಳಗೆ ಹಾಕಿ."