ಬಾಳ್ಯಾನ ಕಷಾಯ

ಐದನೆಯ ಲೋಟ ಕಷಾಯವನ್ನೂ ಬಾಳ್ಯಾ ಅಂಬಾರಾಯನ ಮೂಗು ಹಿಡಿದೇ ಕುಡಿಸಿತು. ಎರಡು ಸಾವಿರದ ಮೂರರ ಮೇ ತಿಂಗಳು, ಮಟಮಟ ಮಧ್ಯಾಹ್ನ, ಚಿಂಚವಾಡದ ಕಾರ್ಮಿಕರ ಕಾಲನಿಯ ತಗಡಿನ ಮನೆ. ಅಂಥದರಲ್ಲಿ ಮೈಮೇಲೆ ಮೂರು ರಗ್ಗು. ಕೈಕಾಲೆಲ್ಲ ಒಳಗೇ ಸಿಕ್ಕಿಬಿದ್ದು ಅಂಬಾರಾಯನ ಮುಖವಷ್ಟೇ ಹೊರಗಿತ್ತು. ಬೇಡ ಎನ್ನೋಣವೆಂದರೆ ನೆಗಡಿಗೆ ಬೆಳಿಗ್ಗೆಯೇ ಗಂಟಲು ಕಟ್ಟಿ, ಬಾಯಿಂದ ಬರುತ್ತಿದ್ದದ್ದು ಬರೀ ಗಾಳಿ.

"ಸಾಕ ಬಿಡು, ಸವತಿ!" ಎಂದು ಹೆಂಡತಿ ಭೀಮವ್ವ ಬಾಳ್ಯಾನ ತಲೆಗೆ ಲಟ್ಟಣಿಗೆಯಿಂದ ಹೊಡೆದಳು. ಮುರಿದದ್ದು ಲಟ್ಟಣಿಗೆ.

ಬಾಳ್ಯಾ ಅಂದರೆ ಅಂಬಾರಾಯ ಎರಡು ವರ್ಷ ಕೂತು ಮನೆಗೆಲಸಕ್ಕೆಂದು ಮಾಡಿದ ಯಂತ್ರಮಾನವ. ಮೋಟಾರುಗಳು ಕಾರ್ಖಾನೆಯ ಗುಜರಿಯವು, ಎಲೆಕ್ಟ್ರಾನಿಕ್ಸ್ ಸಾಮಾನು ಬುಧವಾರ ಪೇಟೆಯದು, ಬ್ಯಾಟರಿ ಹಳೆಯ ಸ್ಕೂಟರಿನದು. ಒಡೆಯ 'ಶಾಭಾಸ್' ಅಂದ ಕೆಲಸವನ್ನು ಇನ್ನಷ್ಟು ಮಾಡಬೇಕು, ಅನ್ನದಿದ್ದರೆ ಅನ್ನುವವರೆಗೂ ಮಾಡಬೇಕು. ಅದಕ್ಕೆ ಕಲಿಸಿದ್ದ ವಿದ್ಯೆ ಇಷ್ಟೇ. ಇಪ್ಪತ್ತೆರಡು ವರ್ಷ ರೊಟ್ಟಿ ಬಡಿದ ಭೀಮವ್ವನಿಗೆ ಒಮ್ಮೆಯೂ ಸಿಗದ ಶಾಭಾಸ್ ಈ ಡಬ್ಬಿಗೆ ದಿನಕ್ಕೆ ಹತ್ತು ಸಲ ಸಿಕ್ಕಿತು. ತಲೆಗೇರದೆ ಇರುತ್ತದೆಯೇ? ಒಂದೇ ಅಂಗಿಗೆ ಏಳು ಸಲ ಇಸ್ತ್ರಿ ಮಾಡಿತು. ಕಂಪನಿ ಬಸ್ಸಿನ ತನಕ ಅಂಬಾರಾಯನ ಹಿಂದೆ ಹೋಗಿ, ಸಂಜೆ ಅವನು ಇಳಿಯುವವರೆಗೂ ಅಲ್ಲೇ ನಿಂತಿತು. ಭೀಮವ್ವ ಊಟಕ್ಕೆ ಬಡಿಸಲು ಹೋದರೆ ತಟ್ಟೆಯನ್ನೇ ಕಸಿದುಕೊಂಡಿತು. ಇವತ್ತು ಶಾಭಾಸ್ ಅನ್ನಲು ಒಡೆಯನಿಗೆ ಗಂಟಲೇ ಇಲ್ಲ. ತನ್ನ ಸೇವೆ ಸಾಲದೇನೋ ಎಂದುಕೊಂಡಿತ್ತು, ಪಾಪ.

ಅದನ್ನು ಚಾಲೂ ಮಾಡುವ, ನಿಲ್ಲಿಸುವ ಸ್ವಿಚ್ಚು ಬೆನ್ನಲ್ಲಿತ್ತು. ಮಂಚದ ತಲೆದೆಸೆಯಲ್ಲಿ ಗೋಡೆಗೆ ಬೆನ್ನು ಕೊಟ್ಟು ನಿಂತಿದ್ದ ಬಾಳ್ಯಾ, ಹತ್ತಿರ ಹೋದವರನ್ನು ಮೊಣಕೈಯಿಂದ ತಳ್ಳುತ್ತಿತ್ತು. ಉಳಿದದ್ದು ಒಂದೇ ದಾರಿ. ಭೀಮವ್ವ ತನ್ನ ದನಿಯಲ್ಲಿ ಗಂಡನ ಹೆಸರು ಹೇಳಿದರೆ ಅದು ನಿಂತುಬಿಡುತ್ತದೆ. ಮಾತಿನ ನಡುವೆ ಅಪ್ಪಿತಪ್ಪಿಯೂ ಬರದಂಥ ಪದ ಬೇಕೆಂದು ಅಂಬಾರಾಯ ಬಹಳ ಯೋಚಿಸಿ ಇದನ್ನು ಆರಿಸಿದ್ದ. ಅವನ ಜಾಣತನಕ್ಕೆ ಎರಡು ಮಾತಿಲ್ಲ. ಆ ಹೆಸರು ಇಷ್ಟು ವರ್ಷ ಆಕೆಯ ಬಾಯಿಗೆ ಒಮ್ಮೆಯೂ ಬಂದಿರಲಿಲ್ಲ. ಬೇಕಾದಾಗಲೂ ಬರಲಿಕ್ಕಿಲ್ಲ ಎಂಬುದು ಮಾತ್ರ ಜಾಣನಿಗೆ ಹೊಳೆದಿರಲಿಲ್ಲ.

ಬಾಳ್ಯಾ ಲೋಟ ಕೆಳಗಿಟ್ಟಿತು. ಮಂಚದ ಪಕ್ಕಕ್ಕೇ ತಂದಿಟ್ಟುಕೊಂಡಿದ್ದ ಸ್ಟೋವಿನಿಂದ, ಕೊತಕೊತ ಕುದಿಯುತ್ತಿದ್ದ ಕಷಾಯದ ಪಾತೇಲಿಯನ್ನೇ ಎತ್ತಿಕೊಂಡಿತು. ತಗಡಿನ ಕೈಗೆ ಬಿಸಿ ಎಲ್ಲಿ ಗೊತ್ತಾಗಬೇಕು?

"ಏನ್ರೀ!" ಎಂದಳು ಭೀಮವ್ವ. ಬಾಳ್ಯಾ ನಿಲ್ಲಲಿಲ್ಲ. "ನಮ್ಮ ಮನಿಯವ್ರ! ಸುಮಂಗಲಾನ ಅಪ್ಪಾರ!" ಊಹೂಂ.

ಗದ್ದಲ ಕೇಳಿ ಪಕ್ಕದ ಮನೆಯ ರಂಗೂಬಾಯಿ ಓಡಿಬಂದಳು. ಬಾಳ್ಯಾ ಹೇಗೆ ನಿಲ್ಲುತ್ತದೆಂಬ ಕಥೆ ಇಡೀ ಕಾಲನಿಗೆ ಗೊತ್ತಿತ್ತು.

"ನಾ ಒದರಿದ್ರ ಅದು ಕೇಳೂದಿಲ್ಲ. ನೀನ ಅನ್ನಬೇಕವ್ವಾ!"

"ಹ್ಯಾಂಗ ಅನ್ನಲಿ ಅಕ್ಕಾರ? ಹೆಸರ ತಗೊಂಡ್ರ ಗಂಡನ ಆಯುಷ್ಯದಾಗ ಒಂದ ದಿನ ಕಡಿಮಿ ಆಗ್ತದಂತ ನಮ್ಮವ್ವ ಹೇಳ್ಯಾಳ."

"ಈಗ ತಗೊಳ್ಳಲಿಲ್ಲಂದ್ರ ಇದ್ದ ದಿನ ಎಲ್ಲಾ ಹೋಗ್ತಾವ! ಒಡಪು ಹಾಕಿ ಹೇಳು. ಒಡಪಿನ್ಯಾಗ ದೋಷ ಇಲ್ಲ."

ಅದೂ ನಿಜ. ಮದುವೆ ಮುಂಜಿಗಳಲ್ಲಿ ಪ್ರಾಸ ಕಟ್ಟಿ, ಕೊನೆಗೆ ಗಂಡನ ಹೆಸರು ಸೇರಿಸಿ ಹೇಳಲು ಹೆಂಗಸರಿಗೆ ಅಪ್ಪಣೆಯುಂಟು. ತನ್ನ ಮದುವೆಯಲ್ಲಿ ಭೀಮವ್ವ ಅರ್ಧ ಒಡಪಿಗೇ ನಾಚಿ ಒಳಗೆ ಓಡಿದ್ದಳು. ಈಗ ಸೆರಗು ಸರಿಮಾಡಿಕೊಂಡಳು. ಬಾಳ್ಯಾ ಅಂಬಾರಾಯನ ಮೂಗು ಹಿಡಿಯಿತು.

"ಜೇಜೂರಿ ಗುಡ್ಡಕ್ಕ ಭಂಡಾರ ಚೆಂದ..."

ಪಾತೇಲಿ ರಗ್ಗಿನ ಮೇಲೆ ಬಂತು.

"ಹಸರ ಸೀರಿಗಿ ಕೆಂಪ ದಡಿ ಚೆಂದ..."

ಪಾತೇಲಿ ಗದ್ದದ ಹತ್ತಿರ ಬಂತು.

"ಲಗೂ ಮುಗಸ ಯವ್ವಾ!" ರಂಗೂಬಾಯಿ ಕಿರುಚಿದಳು.

"ನನ್ನ ಹಣಿ ಕುಂಕುಮಕ್ಕ..."

ಪಾತೇಲಿ ಬಾಗಿತು. ಹಬೆ ಅಂಬಾರಾಯನ ಮೀಸೆಗೆ ತಗುಲಿತು. ಅವನು ಕಣ್ಣು ಮುಚ್ಚಿಕೊಂಡ. ಭೀಮವ್ವನಿಗೆ ಪ್ರಾಸ ಮರೆಯಿತು, ನಾಚಿಕೆ ಮರೆಯಿತು, ಹೆತ್ತವ್ವನ ಮಾತೂ ಮರೆಯಿತು.

"ಅಂಬಾರಾಯಾ!"

ರೀ ಇಲ್ಲ, ಗೀ ಇಲ್ಲ. ಆ ಕೂಗು ಕಾಲನಿಯ ಕೊನೆಯ ನಲ್ಲಿಯಲ್ಲಿ ನೀರು ಹಿಡಿಯುತ್ತಿದ್ದವರಿಗೂ ಕೇಳಿಸಿತು. ಬಾಳ್ಯಾನ ಕೈ ಗಾಳಿಯಲ್ಲೇ ನಿಂತಿತು, ಕಣ್ಣಿನ ಕೆಂಪು ದೀಪ ಆರಿತು. ರಂಗೂಬಾಯಿ ಸೆರಗಿನಲ್ಲಿ ಪಾತೇಲಿ ಹಿಡಿದು ಕಿತ್ತುಕೊಂಡು ಮೋರಿಗೆ ಸುರಿದು ಬಂದಳು. ಭೀಮವ್ವ ನೆಲಕ್ಕೆ ಕುಸಿದು ಮುಖದ ತುಂಬ ಸೆರಗು ಮುಚ್ಚಿಕೊಂಡು ಅತ್ತಳು, ಅಳುತ್ತ ಅಳುತ್ತ ನಕ್ಕಳು. ಗಂಡ ಉಳಿದನೆಂಬ ಸಂತೋಷಕ್ಕೆ ಆಕೆಗೆ ಎರಡೂ ಒಟ್ಟಿಗೇ ಬಂದಿದ್ದವು.

ಅಂಬಾರಾಯನಿಗೆ ಮಾತ್ರ ರಗ್ಗಿನಿಂದ ಹೊರಬರುವ ಅವಸರವೇ ಇರಲಿಲ್ಲ. ಬೆವರಿಳಿಯುವ ಮುಖದಲ್ಲಿ ಹೆಂಡತಿಯನ್ನೇ ನೋಡುತ್ತ, ಇದ್ದಬದ್ದ ದನಿಯನ್ನೆಲ್ಲ ಕೂಡಿಸಿ ಪಿಸುಗುಟ್ಟಿದ.

"ಇನ್ನೊಂದ ಸಲ ಅನ್ನು."

"ಏನ್ ಹುಚ್ಚರದೀರೇನು? ಆ ಸವತಿ ಮತ್ತ ಪಾತೇಲಿ ಹಿಡ್ಕೊಂಡ್ರ ಅಂತೀನಿ, ಇಲ್ಲಂದ್ರ ಇಲ್ಲ!"

ಅಂಬಾರಾಯ ರಗ್ಗಿನೊಳಗಿಂದ ಮೆಲ್ಲಗೆ ಒಂದು ಕೈ ಬಿಡಿಸಿಕೊಂಡು, ಬಾಳ್ಯಾನ ಬೆನ್ನಿಗೂ ಗೋಡೆಗೂ ನಡುವೆ ತೂರಿಸಿ ಸ್ವಿಚ್ಚು ತಡಕತೊಡಗಿದ.