ಮಡ್‌ಗಾರ್ಡ್ ಇಲ್ಲದ ಗಾಡಿ

"ಮಡ್‌ಗಾರ್ಡೇ ಹಾಕಿಲ್ವಲ್ಲೋ! ಅರ್ಧಂಬರ್ಧ ಗಾಡಿಗೆ ನಾನು ಕಾಯಿ ಒಡ್ಯಲ್ಲ ಬುಡು," ಎಂದು ಗಿರಿಜಾಂಬಿಕಾ ಪೂಜೆಗೆ ತಂದಿದ್ದ ತೆಂಗಿನಕಾಯಿಯನ್ನು ಮಡಿಲಲ್ಲೇ ಇಟ್ಟುಕೊಂಡರು. ತಿಪಟೂರಿನ ಅವರ ಕೊಬ್ಬರಿ ಮಂಡಿಯ ಟಿವಿಯಲ್ಲಿ ಜಪಾನಿನ ಕಾರ್ ರೇಸಿನ ಕೊನೆಯ ಸುತ್ತು ನಡೆಯುತ್ತಿತ್ತು. ಎರಡನೆಯದಾಗಿ ಓಡುತ್ತಿದ್ದ ಹಸಿರು ಕಾರನ್ನು ವಿನ್ಯಾಸ ಮಾಡಿದವಳು ಅವರ ಮೊಮ್ಮಗಳು ಸಿಂಧು.

"ಈ ರೇಸಲ್ಲಿ ಚಕ್ರ ಮುಚ್ಚಂಗಿಲ್ಲ ಕಣವ್ವಾ," ಎಂದ ಸಿಂಧುವಿನ ಅಪ್ಪ ರೇಣುಕಪ್ರಸಾದ್. ಅವನ ಕಣ್ಣು, ಓಡುವ ಕಾರನ್ನು ನೆಲಕ್ಕೆ ಒತ್ತಿಹಿಡಿಯುವ ಮೂತಿಯ ರೆಕ್ಕೆಯ ಮೇಲಿತ್ತು. ಅಡ್ಡಗಾಳಿ ಹಾದುಹೋಗಲೆಂದು ಸಿಂಧು ಅದನ್ನು ತೆಂಗಿನ ಗರಿಯ ಹಾಗೆ ಸೀಳು ಸೀಳಾಗಿ ಮಾಡಿಸಿದ್ದಳು. ಇವತ್ತು ಗೆಲ್ಲದಿದ್ದರೆ ಅದನ್ನು ಕಿತ್ತು ಹಳೆಯ ರೆಕ್ಕೆಯನ್ನೇ ಹಾಕುವುದಾಗಿ ತಂಡದವರು ಹೇಳಿಬಿಟ್ಟಿದ್ದರು.

ಕೊನೆಯ ತಿರುವಿನಲ್ಲಿ ಅಡ್ಡಗಾಳಿ ಬೀಸಿತು. ಮುಂದಿದ್ದ ಕಾರು ಓಲಾಡಿ ಪಕ್ಕಕ್ಕೆ ಸರಿಯಿತು. ಹಸಿರು ಕಾರು ಮಾತ್ರ ನೆಲಕ್ಕೆ ಅಂಟಿಕೊಂಡಂತೆ ತಿರುಗಿ, ಎಲ್ಲರಿಗಿಂತ ಮೊದಲು ಗೆರೆ ದಾಟಿತು.

ಮಂಡಿಯವರೆಲ್ಲ ಕೇಕೆ ಹಾಕಿದರು. ರೇಣುಕಪ್ರಸಾದ್ ಕಣ್ಣೊರೆಸಿಕೊಂಡು ತಿರುಗಿದರೆ ಅವ್ವನ ಕುರ್ಚಿ ಖಾಲಿ. ಬಾಗಿಲಾಚೆ ಫಟ್ಟನೆ ಕಾಯಿ ಒಡೆದ ಸದ್ದು, ಅದರ ಹಿಂದೆಯೇ ಅವ್ವನ ದನಿ:

"ಮಡ್‌ಗಾರ್ಡು ಆಮೇಲೆ ಹಾಕಿಸ್ಕೊಳ್ಳಲಿ ಬುಡು!"