ಅತ್ತೆ ಉಡಿ ಬಿಚ್ಚಿದ ಮಧ್ಯಾಹ್ನ

ಬೆಳಗಾವಿಯ ನೋಂದಣಿ ಕಚೇರಿಯಲ್ಲಿ ಅಣ್ಣ ನನ್ನ ಮುಂದೆ ಶಾಯಿ ಪ್ಯಾಡ್ ಸರಿಸಿದಾಗ, ಆ ವಾಸನೆಗೆ ಖಾನಾಪುರದ ಮನೆಯ ಒಂದು ಮಧ್ಯಾಹ್ನ ಎದ್ದು ಬಂತು.

ಅಪ್ಪ ತನ್ನ ಅಕ್ಕನನ್ನು ಕರೆಸಿದ್ದ. ಹೊಲದ ಪಾಲು ತನಗೆ ಬೇಡವೆಂಬ ಕಾಗದಕ್ಕೆ ಅತ್ತೆ ಹೆಬ್ಬೆಟ್ಟು ಒತ್ತಿದಳು.

“ಅತ್ತಿ, ನಿನಗ ಸಹಿ ಬರ್ತೈತಲ್ಲ?” ಎಂದೆ.

“ಬರ್ತೈತವ್ವಾ. ಇದಕ್ಕ ನನ್ನ ಹೆಸರು ಬರ್ಯಾಕ ಕೈ ಏಳವಲ್ದು.”

“ತವರಮನಿ ಬಾಗಲಾ ನಿನಗ ಯಾವತ್ತೂ ತೆರದಿರ್ತೈತಿ ಅಕ್ಕಾ,” ಎಂದ ಅಪ್ಪ.

ಅವ್ವ ಅತ್ತೆಗೆ ಉಡಿ ತುಂಬಿದಳು. ಹೊರಡುವ ಹೆಣ್ಣುಮಗಳು ಅದರಲ್ಲಿ ಒಂದು ಹಿಡಿ ಅಕ್ಕಿಯನ್ನು ತವರಿಗೆ ಬಿಟ್ಟು ಹೋಗಬೇಕು. ಅತ್ತೆ ಸೆರಗು ಬಿಚ್ಚಿ ಅಷ್ಟನ್ನೂ ಹೊಸ್ತಿಲ ಒಳಗೆ ಸುರಿದು ಹೋದಳು, ಮತ್ತೆಂದೂ ಬರಲಿಲ್ಲ.

ಅವಳ ಬೆರಳಿನ ನೀಲಿ ಹತ್ತಿದ ಕಾಳುಗಳನ್ನು ಅವ್ವ ಒಂದೊಂದಾಗಿ ಆರಿಸಿ ತೆಗೆದಳು. ಉಳಿದ ಅಕ್ಕಿಯ ಅನ್ನವನ್ನು ಆ ಸಂಜೆ ನಾವೆಲ್ಲ ಕೂತು ಉಂಡೆವು.